ನಿದ್ದೆ ಬಾರದ ಮರಿ, ಓದು ಬಾರದ ಆಯಿ

ಊರೆಲ್ಲ ಮಲಗಿದೆ. ಕೊಟ್ಟಿಗೆಯಲ್ಲಿ ದನ ಮಲಗಿವೆ, ಗೂಡಿನಲ್ಲಿ ಕೋಳಿ ಮಲಗಿವೆ. ಒಂದು ಮರಿಗೆ ಮಾತ್ರ ನಿದ್ದೆ ಬರುತ್ತಿಲ್ಲ. ಅದು ಕರಡಿ ಮರಿ ಇರಬಹುದು, ಮೊಲದ ಮರಿ ಇರಬಹುದು, ನಾಯಿಮರಿಯೂ ಇರಬಹುದು. ಮಕ್ಕಳ ಚಿತ್ರಪುಸ್ತಕಗಳನ್ನು ತಿರುವಿದರೆ ಈ ಮರಿ ಮತ್ತೆ ಮತ್ತೆ ಎದುರಾಗುತ್ತದೆ. ಕಥೆ ಇಷ್ಟೇ: ಮೊದಲ ಪುಟದಲ್ಲಿ ಅದಕ್ಕೆ ನಿದ್ದೆ ಬರುವುದಿಲ್ಲ, ಕೊನೆಯ ಪುಟದಲ್ಲಿ ಬರುತ್ತದೆ. ಇಷ್ಟನ್ನೇ ಮಕ್ಕಳು ದಿನಾ ರಾತ್ರಿ ‘ಇನ್ನೊಮ್ಮೆ, ಇನ್ನೊಮ್ಮೆ’ ಎಂದು ಕೇಳುವುದೇಕೆ?

ಬ್ಯಾಂಕಿನಲ್ಲಿ ಗುಮಾಸ್ತನಾಗಿ ಜೀವಮಾನವೆಲ್ಲ ಲೆಕ್ಕ ಬರೆದವನು ನಾನು. ಬಿ.ಕಾಂ. ಓದಿದ ಎಪ್ಪತ್ತು ದಾಟಿದ ಮುದುಕನಿಗೆ ಮಕ್ಕಳ ಪುಸ್ತಕದ ಉಸಾಬರಿ ಯಾಕೆ ಎಂದು ನೀವು ಕೇಳಬಹುದು. ಅದಕ್ಕೆ ಕಾರಣ ನಮ್ಮ ಹುಣಸಗಿಯ ರಾತ್ರಿಗಳು.

ನಮ್ಮೂರು ಯಾದಗಿರಿ ಜಿಲ್ಲೆಯಲ್ಲಿದೆ. ಮೊದಲು ಸುರಪುರ ತಾಲ್ಲೂಕಿಗೆ ಸೇರಿತ್ತು, ಈಗ ತಾನೇ ತಾಲ್ಲೂಕು ಕೇಂದ್ರ. ನಾರಾಯಣಪುರದ ಬಸವಸಾಗರದಿಂದ ಕಾಲುವೆ ಬಂದ ಮೇಲೆ ನೀರು ಸಿಕ್ಕ ಹೊಲಗಳಲ್ಲಿ ಭತ್ತ ಬೆಳೆಯಿತು. ನೀರು ಸಿಗದವರು, ಹೊಲವೇ ಇಲ್ಲದವರು ಸುಗ್ಗಿ ಮುಗಿದೊಡನೆ ಗಂಟುಮೂಟೆ ಕಟ್ಟಿ ಬೆಂಗಳೂರು, ಮುಂಬೈ, ಪುಣೆಯ ಕಟ್ಟಡ ಕೆಲಸಕ್ಕೆ ಗುಳೆ ಹೋಗುತ್ತಾರೆ. ಶಾಲೆ ತಪ್ಪಬಾರದೆಂದು ಕೆಲವರು ಮಕ್ಕಳನ್ನು ಆಯಿ, ಮುತ್ಯಾನ ಹತ್ತಿರ ಬಿಟ್ಟು ಹೋಗುತ್ತಾರೆ.

ಹಗಲಿಗೆ ತೊಂದರೆಯಿಲ್ಲ. ಶಾಲೆ, ಬಿಸಿಯೂಟ, ಆಟ, ಜಗಳ ಎಂದು ಕಳೆದುಹೋಗುತ್ತದೆ. ಕಷ್ಟವಾಗುವುದು ರಾತ್ರಿ. ಎಂಟು ಗಂಟೆಗೆ ಬೆಂಗಳೂರಿನಿಂದ ಫೋನು ಬರುತ್ತದೆ. ಪರದೆಯ ಮೇಲೆ ಅವ್ವನ ಮುಖ ಮೂಡುತ್ತದೆ, ಐದು ನಿಮಿಷಕ್ಕೆ ಆರಿಹೋಗುತ್ತದೆ. ಆಮೇಲೆ ಅದೇ ಫೋನಿನಲ್ಲಿ ಕಾರ್ಟೂನು ಓಡುತ್ತದೆ. ಹತ್ತು ಗಂಟೆಯಾದರೂ ಮಗುವಿನ ಕಣ್ಣು ಮುಚ್ಚುವುದಿಲ್ಲ. ಆಯಿ ಬೈಯುತ್ತಾಳೆ, ಗುಮ್ಮ ಬಂತು ಎಂದು ಹೆದರಿಸುತ್ತಾಳೆ. ಹೆದರಿದ ಮಗುವಿಗೆ ಇದ್ದ ನಿದ್ದೆಯೂ ಹಾರಿಹೋಗುತ್ತದೆ.

ಮೂರು ಮರಿಗಳ ಕಥೆ

1947ರಲ್ಲಿ ಅಮೆರಿಕದಲ್ಲಿ ‘ಗುಡ್‌ನೈಟ್ ಮೂನ್’ ಎಂಬ ಪುಸ್ತಕ ಬಂತು. ಬರೆದವರು ಮಾರ್ಗರೆಟ್ ವೈಸ್ ಬ್ರೌನ್, ಚಿತ್ರ ಬರೆದವರು ಕ್ಲೆಮೆಂಟ್ ಹರ್ಡ್. ಹಸಿರು ಗೋಡೆಯ ಕೋಣೆಯಲ್ಲಿ ಮಲಗಿದ ಮೊಲದ ಮರಿಯೊಂದು ಕೋಣೆಯ ಒಂದೊಂದು ವಸ್ತುವಿಗೂ ಶುಭರಾತ್ರಿ ಹೇಳುತ್ತಾ ಹೋಗುತ್ತದೆ. ನನ್ನಂಥ ಲೆಕ್ಕದವರಿಗೆ ಹಿಡಿಸುವುದು ಅದರ ಗಡಿಯಾರಗಳು. ಮೊದಲ ಚಿತ್ರದಲ್ಲಿ ಏಳು ಗಂಟೆ, ಕೊನೆಯದರಲ್ಲಿ ಎಂಟು ಹೊಡೆದು ಹತ್ತು ನಿಮಿಷ. ಅಂದರೆ ಮರಿ ಮಲಗಲು ತೆಗೆದುಕೊಂಡದ್ದು 1 ಗಂಟೆ 10 ನಿಮಿಷ. ಅಷ್ಟು ಹೊತ್ತಿನಲ್ಲಿ ಕೋಣೆ ಪುಟಪುಟಕ್ಕೂ ಸ್ವಲ್ಪ ಸ್ವಲ್ಪ ಕತ್ತಲಾಗುತ್ತದೆ, ಕಿಟಕಿಯಲ್ಲಿ ಚಂದ್ರ ಮೇಲೇರುತ್ತಾನೆ. ಯಾರೂ ಮರಿಯನ್ನು ಗದರಿಸುವುದಿಲ್ಲ. ಇಂದು ಲೋಕಪ್ರಸಿದ್ಧವಾದ ಈ ಪುಸ್ತಕವನ್ನು ನ್ಯೂಯಾರ್ಕಿನ ಸಾರ್ವಜನಿಕ ಗ್ರಂಥಾಲಯ 1972ರವರೆಗೆ ಕಪಾಟಿನೊಳಗೆ ಸೇರಿಸಲಿಲ್ಲ!

ಎರಡನೆಯದು 1988ರ ಕರಡಿ ಮರಿ. ಉತ್ತರ ಐರ್ಲೆಂಡಿನ ಮಾರ್ಟಿನ್ ವಾಡೆಲ್ ಬರೆದ ‘ಕಾಂಟ್ ಯು ಸ್ಲೀಪ್, ಲಿಟಲ್ ಬೇರ್?’ ಪುಸ್ತಕಕ್ಕೆ ಚಿತ್ರ ಬಿಡಿಸಿದ ಬಾರ್ಬರಾ ಫರ್ತ್ ಅವರಿಗೆ ಬ್ರಿಟನ್ನಿನ ಕೇಟ್ ಗ್ರೀನ್‌ಅವೇ ಪದಕ ಬಂತು. ಗುಹೆಯಲ್ಲಿ ಮರಿಗೆ ಕತ್ತಲ ಹೆದರಿಕೆ. ದೊಡ್ಡ ಕರಡಿ ಒಂದು ಸಣ್ಣ ಕಂದೀಲು ತಂದಿಡುತ್ತದೆ. ಸಾಲದು. ಅದಕ್ಕಿಂತ ದೊಡ್ಡದು ತರುತ್ತದೆ. ಅದೂ ಸಾಲದು. ಎಲ್ಲಕ್ಕಿಂತ ದೊಡ್ಡ ಕಂದೀಲು ತಂದರೂ ಹೊರಗಿನ ಕತ್ತಲು ಹಾಗೇ ಇದೆ. ಕೊನೆಗೆ ದೊಡ್ಡ ಕರಡಿ ಮರಿಯನ್ನು ಹೊರಗೆ ಕರೆದೊಯ್ದು ಚಂದ್ರನನ್ನೂ ಚುಕ್ಕಿಗಳನ್ನೂ ತೋರಿಸುತ್ತದೆ. ಅಷ್ಟರಲ್ಲಿ ಮರಿ ಅದರ ತೋಳಿನಲ್ಲೇ ನಿದ್ದೆ ಹೋಗಿರುತ್ತದೆ. ಕರೆಂಟು ಹೋದ ರಾತ್ರಿ ಮಾಳಿಗೆ ಮೇಲೆ ಚಾಪೆ ಹಾಸಿಕೊಂಡು ಚುಕ್ಕಿ ನೋಡುತ್ತಾ ಮಲಗಿದ ನಮ್ಮ ಕಡೆಯವರಿಗೆ ಈ ಕಥೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೂರನೆಯದು ನಮ್ಮ ರಾಜ್ಯದ ಪುಸ್ತಕ. ಬೆಂಗಳೂರಿನಲ್ಲಿ 2004ರಲ್ಲಿ ಶುರುವಾದ ಪ್ರಥಮ್ ಬುಕ್ಸ್ ಎಂಬ ಲಾಭದಾಸೆಯಿಲ್ಲದ ಸಂಸ್ಥೆ ಪ್ರಕಟಿಸಿದ ‘ಗುಡ್‌ನೈಟ್, ಟಿಂಕು!’. ಬರೆದವರು ಪ್ರೀತಿ ನಾಯರ್. ಟಿಂಕು ಒಂದು ನಾಯಿಮರಿ. ರಾತ್ರಿಯಾಗಿದೆ, ಅದಕ್ಕೆ ನಿದ್ದೆಯಿಲ್ಲ. ಸುಮ್ಮನೆ ಬಿದ್ದುಕೊಳ್ಳುವ ಬದಲು ಹೊರಗೆ ತಿರುಗಾಡಲು ಹೊರಡುತ್ತದೆ. ಇರುಳಿನಲ್ಲಿ ಎಚ್ಚರವಿರುವ ಜೀವಿಗಳು ಒಂದೊಂದಾಗಿ ಅದಕ್ಕೆ ಗೆಳೆಯರಾಗುತ್ತವೆ. ಬೆಂಗಳೂರಿನಲ್ಲಿರುವ ನನ್ನ ಮೊಮ್ಮಗಳು ಬೇಸಿಗೆ ರಜೆಗೆ ಬಂದಾಗ ಈ ಪುಸ್ತಕವನ್ನು ನಮ್ಮ ಮನೆಯಲ್ಲೇ ಬಿಟ್ಟುಹೋಗಿದ್ದಳು.

ಈ ಮೂರರಲ್ಲೂ ನೀತಿ ಎಂಬುದಿಲ್ಲ. ದುರ್ಗಸಿಂಹ ಸಾವಿರ ವರ್ಷದ ಹಿಂದೆಯೇ ಕನ್ನಡಕ್ಕೆ ತಂದ ಪಂಚತಂತ್ರದಲ್ಲಿ ಪ್ರಾಣಿಗಳು ಉಪಾಯ ಹೂಡುತ್ತವೆ, ಮೋಸ ಹೋಗುತ್ತವೆ, ಬುದ್ಧಿ ಕಲಿಯುತ್ತವೆ. ಆ ಕಥೆಗಳು ಹಗಲಿಗೆ ಚೆನ್ನ. ಮಲಗುವ ಹೊತ್ತಿನ ಮರಿಗೆ ಯಾರೂ ಬುದ್ಧಿ ಹೇಳುವುದಿಲ್ಲ. ಮತ್ತೊಂದು ಅನುಕೂಲವೂ ಇದೆ. ಹೆದರಿದ್ದು ಮರಿ, ತಾನಲ್ಲ! ಹಾಗಾಗಿ ಮಗು ದೊಡ್ಡವರ ಸ್ಥಾನದಲ್ಲಿ ಕೂತು ಆ ಮರಿಗೆ ತಾನೇ ಧೈರ್ಯ ಹೇಳುತ್ತದೆ.

ನಿದ್ದೆಯ ಲೆಕ್ಕ

ಇನ್ನು ಸ್ವಲ್ಪ ಅಂಕಿ ಅಂಶ. ಮೂರು, ನಾಲ್ಕು ವರ್ಷದ ಮಗುವಿಗೆ ಹಗಲು ನಿದ್ದೆಯೂ ಸೇರಿ ದಿನಕ್ಕೆ 10ರಿಂದ 13 ಗಂಟೆ ನಿದ್ದೆ ಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಹೇಳಿದೆ. ಆರರಿಂದ ಹನ್ನೆರಡು ವರ್ಷದ ಮಕ್ಕಳಿಗೆ 9ರಿಂದ 12 ಗಂಟೆ ಬೇಕೆಂಬುದು ಅಮೆರಿಕದ ನಿದ್ರಾತಜ್ಞರ ಶಿಫಾರಸು. ಏಳು ವರ್ಷದ ಮಗು ಬೆಳಿಗ್ಗೆ ಆರೂವರೆಗೆ ಏಳಬೇಕು ಎಂದಿಟ್ಟುಕೊಳ್ಳಿ. ಅದಕ್ಕೆ ಹತ್ತು ಗಂಟೆ ನಿದ್ದೆ ಸಿಗಬೇಕಾದರೆ ರಾತ್ರಿ ಎಂಟೂವರೆಗೆ ಕಣ್ಣು ಮುಚ್ಚಬೇಕು. ಹತ್ತೂವರೆಗೆ ಮಲಗಿದರೆ ದಿನಕ್ಕೆ ಎರಡು ಗಂಟೆ ಬಾಕಿ. ವಾರಕ್ಕೆ ಹದಿನಾಲ್ಕು. ಈ ಬಾಕಿಯನ್ನು ತರಗತಿಯಲ್ಲಿ ತೂಕಡಿಸಿ ತೀರಿಸಲು ಆಗುವುದಿಲ್ಲ.

ಕತ್ತಲಾದ ಮೇಲೆ ನಮ್ಮ ಮಿದುಳಿನಲ್ಲಿರುವ ಪುಟ್ಟ ಗ್ರಂಥಿಯೊಂದು ಮೆಲಟೋನಿನ್ ಎಂಬ ರಸವನ್ನು ಬಿಡುತ್ತದೆ. ‘ರಾತ್ರಿಯಾಯಿತು’ ಎಂದು ಮೈಗೆಲ್ಲ ಡಂಗುರ ಸಾರುವುದು ಅದೇ. ಕಣ್ಣಿಗೆ ಬೆಳಕು ಬಿದ್ದರೆ ಅದು ಕಡಿಮೆಯಾಗುತ್ತದೆ. ಚಿಕ್ಕ ಮಕ್ಕಳಲ್ಲಿ ಬೆಳಕಿನ ಈ ಪ್ರಭಾವ ದೊಡ್ಡವರಿಗಿಂತ ಹೆಚ್ಚು. ಮುಖದ ಹತ್ತಿರ ಹಿಡಿದ ಫೋನು ಬೆಳಕನ್ನೂ ಚೆಲ್ಲುತ್ತದೆ, ಮುಂದೇನು ಮುಂದೇನು ಎಂದು ಮನಸ್ಸನ್ನೂ ಎಬ್ಬಿಸುತ್ತದೆ. ಪುಸ್ತಕಕ್ಕೆ ತನ್ನದೇ ಬೆಳಕಿಲ್ಲ. ಕೊನೆಯ ಪುಟ ಬಂದರೆ ಅದು ಮುಗಿಯುತ್ತದೆ, ತಾನಾಗಿಯೇ ಇನ್ನೊಂದು ಶುರುವಾಗುವುದಿಲ್ಲ.

ಮಕ್ಕಳೇ, ನಿಮಗಾಗಿ ಪ್ರಾಣಿಗಳ ಲೆಕ್ಕವನ್ನೂ ಹೇಳುತ್ತೇನೆ. ಎಳೆಯ ನಾಯಿಮರಿ ದಿನಕ್ಕೆ 18ರಿಂದ 20 ಗಂಟೆ ನಿದ್ದೆ ಮಾಡುತ್ತದೆ. ಆಕಳು ಬಹಳ ಹೊತ್ತು ಮಲಗಿ ಮೆಲುಕು ಹಾಕುತ್ತಿದ್ದರೂ ನಿಜವಾಗಿ ನಿದ್ದೆ ಮಾಡುವುದು ಸುಮಾರು 4 ಗಂಟೆ ಮಾತ್ರ. ಆಫ್ರಿಕದ ಬೋಟ್ಸ್ವಾನಾದಲ್ಲಿ ಎರಡು ಕಾಡಾನೆಗಳ ಸೊಂಡಿಲಿಗೆ ಸಣ್ಣ ಯಂತ್ರ ಅಳವಡಿಸಿ ನೋಡಿದಾಗ ಅವು ದಿನಕ್ಕೆ ಸರಾಸರಿ 2 ಗಂಟೆಯಷ್ಟೇ ಮಲಗಿದ್ದು 2017ರಲ್ಲಿ ಗೊತ್ತಾಯಿತು. ನಮ್ಮೂರಿನ ಭತ್ತದ ಗದ್ದೆಯ ಕಪ್ಪೆ, ಹುಣಸೆ ಮರದ ಗೂಗಿ, ಜೀರುಂಡೆ, ಬಾವಲಿ ಇವಕ್ಕೆಲ್ಲ ರಾತ್ರಿಯೇ ಹಗಲು. ಹೊರಗೆ ಸಪ್ಪಳ ಕೇಳಿದರೆ ಹೆದರಬೇಡಿ. ಅದು ರಾತ್ರಿ ಪಾಳಿಯವರು ಕೆಲಸಕ್ಕೆ ಬಂದ ಸಪ್ಪಳ.

ಹೆಬ್ಬೆಟ್ಟಿನವರ ಓದು

ಪುಸ್ತಕ ಒಳ್ಳೆಯದೇ, ಆದರೆ ಓದಿ ಹೇಳುವವರು ಯಾರು? 2011ರ ಜನಗಣತಿಯಲ್ಲಿ ಯಾದಗಿರಿ ಜಿಲ್ಲೆಯ ಸಾಕ್ಷರತೆ ನೂರಕ್ಕೆ ಸುಮಾರು 52, ರಾಜ್ಯದಲ್ಲೇ ಎಲ್ಲಕ್ಕಿಂತ ಕಡಿಮೆ. ಹೆಂಗಸರದು ಇನ್ನೂ ಕಡಿಮೆ. ಅದರಲ್ಲೂ ಇವತ್ತು ಮೊಮ್ಮಕ್ಕಳನ್ನು ನೋಡಿಕೊಳ್ಳುತ್ತಿರುವ ಆಯಿಗಳ ತಲೆಮಾರಿನಲ್ಲಿ ಶಾಲೆಯ ಮೆಟ್ಟಿಲು ಹತ್ತಿದವರು ಅಪರೂಪ.

ನಮ್ಮ ಓಣಿಯಲ್ಲಿ ಅಂಥ ಒಬ್ಬ ಆಯಿ ಇದ್ದಾಳೆ. ಮಗ, ಸೊಸೆ ಬೆಂಗಳೂರಿನಲ್ಲಿ ಕಟ್ಟಡದ ಕೆಲಸಕ್ಕಿದ್ದಾರೆ. ಆರು ವರ್ಷದ ಮೊಮ್ಮಗ ಇವಳ ಹತ್ತಿರ. ರಾತ್ರಿ ಹುಡುಗ ಮಲಗುವುದಿಲ್ಲ ಎಂದು ಒಂದು ದಿನ ಕಟ್ಟೆಯ ಮೇಲೆ ಕೂತು ಗೋಳು ಹೇಳಿಕೊಂಡಳು. ನಾನು ಟಿಂಕು ಪುಸ್ತಕ ತಂದು ಕೊಟ್ಟೆ.

“ನಂಗೆಲ್ಲಿ ಅಕ್ಷರ ಬರ್ತಾವ್ರಿ ಅಣ್ಣಾರ? ಹೆಬ್ಬೆಟ್ಟು ಒತ್ತೂದೊಂದು ಗೊತ್ತು” ಎಂದಳು.

ನನಗೆ ಬ್ಯಾಂಕಿನ ಕೌಂಟರು ನೆನಪಾಯಿತು. ಎಷ್ಟೋ ಹೆಂಗಸರು ಹೆಬ್ಬೆಟ್ಟು ಒತ್ತಿ ದುಡ್ಡು ತೆಗೆಯುತ್ತಿದ್ದರು. ಪಾಸ್‌ಬುಕ್ಕಿನ ಒಂದು ಅಕ್ಷರವೂ ಅವರಿಗೆ ಬಾರದು. ಆದರೆ ಯಾವ ಹಬ್ಬಕ್ಕೆ ಎಷ್ಟು ತೆಗೆದಿದ್ದರು, ಈಗ ಎಷ್ಟು ಉಳಿದಿರಬೇಕು ಎಂಬುದನ್ನು ಬಾಯಲ್ಲೇ ಹೇಳುತ್ತಿದ್ದರು. ನಾನು ಲೆಡ್ಜರು ತೆರೆದು ನೋಡಿದರೆ ತಾಳೆಯಾಗುತ್ತಿತ್ತು. ಅಷ್ಟು ನೆನಪು ಇಟ್ಟುಕೊಂಡವರಿಗೆ ಹನ್ನೆರಡು ಚಿತ್ರದ ಕಥೆ ಯಾವ ಲೆಕ್ಕ?

“ಚಿತ್ರ ಕಾಣ್ತಾವಲ್ಲ ತಂಗೀ, ಕಂಡಿದ್ದ ಹೇಳು” ಎಂದೆ.

ಹೇಳಿದಳು. ಪುಸ್ತಕದಲ್ಲಿ ಎರಡು ಸಾಲಿದ್ದ ಕಡೆ ಅವಳದು ಇಪ್ಪತ್ತು ಸಾಲು. ಟಿಂಕು ಹಾದುಹೋದ ದಾರಿ ನಮ್ಮೂರ ಕಾಲುವೆ ದಂಡೆಯಾಯಿತು. ಅಷ್ಟರಲ್ಲಿ ಹುಡುಗ ಕೇಳಿದ: “ಆಯಿ, ಟಿಂಕು ರಾತ್ರ್ಯಾಗ ಒಬ್ಬನ ಹೊರಗ ಹೋಗ್ಯಾನ. ಅವರವ್ವ ಬೈಯಂಗಿಲ್ಲೇನು?”

ಆಯಿ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, “ಅವ್ವ ದುಡಿಯಾಕ ಹೋಗ್ಯಾಳ. ಅವರಾಯಿ ಬಾಗಲದಾಗ ಕುಂತು ನೋಡಾಕತ್ಯಾಳ” ಎಂದಳು.

ಪುಸ್ತಕದಲ್ಲಿ ಅಂಥ ಆಯಿ ಇಲ್ಲ. ಆದರೆ ಮರುದಿನದಿಂದ ಆ ಮಾತು ಬಾರದಿದ್ದರೆ ಹುಡುಗ ಪುಟ ತಿರುಗಿಸಲು ಬಿಡುತ್ತಿರಲಿಲ್ಲ. ಮಕ್ಕಳು ಒಂದೇ ಕಥೆಯನ್ನು ಮತ್ತೆ ಮತ್ತೆ ಯಾಕೆ ಕೇಳುತ್ತಾರೆಂಬ ಪ್ರಶ್ನೆಗೆ ನನಗೆ ಉತ್ತರ ಸಿಕ್ಕಿದ್ದು ಅಲ್ಲಿ. ಬ್ಯಾಂಕಿನಲ್ಲಿ ಸಂಜೆ ನಗದು ಎಣಿಸಿ ಪುಸ್ತಕಕ್ಕೆ ತಾಳೆ ನೋಡದೆ ನಾವು ಮನೆಗೆ ಹೋಗುವಂತಿರಲಿಲ್ಲ. ನಿನ್ನೆ ಸರಿಯಿತ್ತೆಂದು ಇವತ್ತು ಎಣಿಸದೆ ಇರಲಾಗುತ್ತದೆಯೇ? ಬಾಗಿಲಲ್ಲಿ ಕೂತವರು ಇವತ್ತೂ ಇದ್ದಾರೆಯೇ ಎಂದು ಮಗು ದಿನಾ ನೋಡಿಕೊಳ್ಳುತ್ತದೆ. ಇದ್ದಾರೆಂದು ಖಾತ್ರಿಯಾದ ಮೇಲೆ ಮಲಗುತ್ತದೆ.

ಹೀಗೆ ಮಾಡಿ ನೋಡಿ

ದಿನಾ ಒಂದೇ ಹೊತ್ತಿಗೆ, ಒಂದೇ ಜಾಗದಲ್ಲಿ ಕೂರಿ. ದೊಡ್ಡ ದೀಪ ಆರಿಸಿ ಸಣ್ಣದು ಹಚ್ಚಿ. ಮಲಗುವುದಕ್ಕೆ ಒಂದು ಗಂಟೆ ಮೊದಲೇ ಫೋನು ಬೇರೆ ಕೋಣೆ ಸೇರಲಿ. ಪುಸ್ತಕ ಮಗುವಿನ ಕೈಯಲ್ಲಿರಲಿ, ಪುಟ ತಿರುಗಿಸುವ ಅಧಿಕಾರವೂ ಅದರದೇ. ಕಥೆ ಮುಂದೆ ಹೋದ ಹಾಗೆ ನಿಮ್ಮ ದನಿ ಸಣ್ಣದಾಗಲಿ. ನಡುವೆ ‘ಇದರಿಂದ ಏನು ಕಲಿತೆ?’ ಎಂದು ಪರೀಕ್ಷೆ ಮಾಡಬೇಡಿ. ಗುಮ್ಮನನ್ನು ಕರೆಯಲೇಬೇಡಿ.

ಪುಸ್ತಕಕ್ಕೆ ದುಡ್ಡಿಲ್ಲ ಎನ್ನುವವರಿಗೂ ದಾರಿಯಿದೆ. ಪ್ರಥಮ್ ಬುಕ್ಸ್‌ನವರು 2015ರಲ್ಲಿ ‘ಸ್ಟೋರಿವೀವರ್’ ಎಂಬ ಅಂತರ್ಜಾಲ ತಾಣ ತೆರೆದಿದ್ದಾರೆ. ಕನ್ನಡವೂ ಸೇರಿ ಹಲವು ಭಾಷೆಗಳ ಚಿತ್ರಕಥೆಗಳು ಅಲ್ಲಿ ಪುಕ್ಕಟೆ ಸಿಗುತ್ತವೆ. ಬೇಕಾದ್ದನ್ನು ಮುದ್ರಿಸಿಕೊಳ್ಳಲೂಬಹುದು, ನಮ್ಮ ಮಾತಿಗೆ ತಂದುಕೊಳ್ಳಲೂಬಹುದು. ಓದು ಬಲ್ಲ ಹುಡುಗರು ಹಗಲಲ್ಲಿ ಮುದ್ರಿಸಿ ಹೊಲಿದು ಕೊಟ್ಟರೆ ರಾತ್ರಿ ಆಯಿಗೆ ಪುಸ್ತಕವಾಯಿತು. ರಾಜ್ಯ ಸರಕಾರ 2020ರಲ್ಲಿ ಶುರುಮಾಡಿದ ‘ಓದುವ ಬೆಳಕು’ ಕಾರ್ಯಕ್ರಮದಲ್ಲಿ ಗ್ರಾಮ ಪಂಚಾಯಿತಿ ಗ್ರಂಥಾಲಯಗಳಿಗೆ ಮಕ್ಕಳು ಪುಕ್ಕಟೆ ಸದಸ್ಯರಾಗಬಹುದು. ಅಲ್ಲಿಗೆ ಹೋದಾಗ ಕಥೆಪುಸ್ತಕದ ಜೊತೆಗೆ ದೊಡ್ಡ ಚಿತ್ರದ ಪುಸ್ತಕಗಳನ್ನೂ ಕೇಳಿ. ಕೇಳುವವರಿದ್ದರೆ ತರಿಸುವವರೂ ಇರುತ್ತಾರೆ.

ದೂರದಲ್ಲಿರುವ ಅವ್ವ, ಅಪ್ಪಂದಿರಿಗೂ ಒಂದು ಮಾತು. ಫೋನು ಮಾಡಿದಾಗ ‘ಉಂಡೆಯಾ, ಓದಿದೆಯಾ’ ಎಂದಷ್ಟೇ ಕೇಳಿ ಇಡಬೇಡಿ. ಮರಿ ಇವತ್ತು ಎಲ್ಲಿಗೆ ಹೋಗಿತ್ತು, ಯಾರು ಸಿಕ್ಕರು ಎಂದು ಕೇಳಿ. ಆಗ ಕಥೆ ಹೇಳುವ ಕೆಲಸ ಮಗುವಿನದಾಗುತ್ತದೆ. ನಮ್ಮ ಓಣಿಯ ಹುಡುಗ ಈಗ ಎಂಟು ಗಂಟೆಗೆ ಫೋನು ಬಂದೊಡನೆ ಪುಸ್ತಕ ಹಿಡಿದು ಕೂರುತ್ತಾನೆ. ದಿನವೆಲ್ಲ ಇಟ್ಟಿಗೆ ಹೊತ್ತು ದಣಿದ ಅವನ ಅವ್ವ, ಮೊನ್ನೆ ಟಿಂಕು ಇನ್ನೂ ಅರ್ಧ ದಾರಿಯಲ್ಲಿರುವಾಗಲೇ ಆಕಳಿಸಿದಳಂತೆ.

“ಅವ್ವಾ, ಮಕ್ಕೊ. ನಾಳಿಗಿ ಉಳದದ್ದು ಹೇಳ್ತೀನಿ” ಎಂದು ಹುಡುಗನೇ ಫೋನಿಟ್ಟನಂತೆ.