ಬಿಡುಗಡೆಯ ಬಳಿಕದ ಸೆರೆ

ಯುದ್ಧವು ಮುಗಿದು, ಶಿಬಿರದ ಬಾಗಿಲು ತೆರೆದು, ಸೆರೆಯಾಳು ಮನೆ ಸೇರಿದನೆಂದರೆ ಅವನ ಕಷ್ಟವು ಕೊನೆಗಂಡಿತೆಂದು ನಾವು ಸಾಮಾನ್ಯವಾಗಿ ಭಾವಿಸುತ್ತೇವೆ. ಆದರೆ ದೇಹವು ಬಿಡುಗಡೆ ಹೊಂದಿದ ದಿನವೇ ಮನಸ್ಸೂ ಬಿಡುಗಡೆ ಹೊಂದುವುದೆಂಬ ನಿಯಮವಿಲ್ಲ. ಇದೇಕೆಂಬುದನ್ನು ಒಂದು ನಿದರ್ಶನದಿಂದ ವಿಚಾರ ಮಾಡೋಣ.

1942ನೆಯ ಇಸವಿ ಫೆಬ್ರವರಿ 15ರಂದು ಸಿಂಗಪುರವು ಜಪಾನೀಯರ ವಶವಾದಾಗ ಬ್ರಿಟಿಷ್ ಮತ್ತು ಆಸ್ಟ್ರೇಲಿಯನ್ ಸೈನಿಕರೊಡನೆ ಭಾರತೀಯರೂ, ಅವರಲ್ಲಿ ಅಂದಿನ ಮೈಸೂರು ಸಂಸ್ಥಾನದ ಕಾಲಾಳು ಪಡೆಯವರೂ ಸೆರೆಸಿಕ್ಕಿದರು. ಮುಂದೆ ಸಯಾಮಿನಿಂದ ಬರ್ಮಾಕ್ಕೆ ಸುಮಾರು 415 ಕಿಲೋಮೀಟರುಗಳ ರೈಲುದಾರಿ ಹಾಕಲು, ಮುಖ್ಯವಾಗಿ ಬ್ರಿಟಿಷ್, ಡಚ್ ಹಾಗೂ ಆಸ್ಟ್ರೇಲಿಯನ್ ಆದ ಸುಮಾರು 60,000 ಸೆರೆಯಾಳುಗಳನ್ನು ಕಾಡಿನಲ್ಲಿ ದುಡಿಸಲಾಯಿತು. 12,000ಕ್ಕೂ ಮಿಕ್ಕಿ ಮಂದಿ ಹಸಿವು, ರೋಗ, ಹೊಡೆತಗಳಿಂದ ಮಡಿದರು.

ರಣರಂಗದ ಭಯವು ಬೇರೆ, ಸೆರೆಯ ಸಂಕಟವು ಬೇರೆ. ಯೋಧನು ಭಯಪಟ್ಟರೂ ಏನನ್ನಾದರೂ ಮಾಡಬಲ್ಲನು. ಸೆರೆಯಾಳಿನ ಊಟ, ನಿದ್ರೆ, ಪ್ರಾಣಗಳೆಲ್ಲವೂ ಪರಾಧೀನ. ಅಪರಾಧಿಗಾದರೋ ಶಿಕ್ಷೆಯ ಅವಧಿ ಗೊತ್ತು; ಇವನಿಗೆ ಅದೂ ಗೊತ್ತಿಲ್ಲ. ಮೊದಲನೆಯ ಮಹಾಯುದ್ಧದ ಶಿಬಿರಗಳನ್ನು ಪರಿಶೀಲಿಸಿದ್ದ ಸ್ವಿಟ್ಜರ್‌ಲೆಂಡಿನ ವೈದ್ಯರಾದ ವಿಷರ್ ಎಂಬವರು 1918ರಲ್ಲಿಯೇ ಇದನ್ನು ‘ಮುಳ್ಳುತಂತಿಯ ರೋಗ’ವೆಂದು ಕರೆದು, ಸಿಡುಕು, ಮರೆವು, ಏಕಾಗ್ರತೆಯ ನಾಶಗಳನ್ನು ಅದರ ಲಕ್ಷಣಗಳಾಗಿ ವಿವರಿಸಿದರು.

ಇಂತಹ ಸ್ಥಿತಿಯಲ್ಲಿ ಬದುಕುಳಿಯಲು ಮನಸ್ಸು ಕೆಲವು ಅಭ್ಯಾಸಗಳನ್ನು ಕಲಿಯುತ್ತದೆ: ಸಪ್ಪಳಕ್ಕೆ ಎಚ್ಚರಗೊಳ್ಳುವುದು, ತುತ್ತನ್ನು ಬಚ್ಚಿಡುವುದು, ಕೋಪವನ್ನು ನುಂಗುವುದು, ಯಾರನ್ನೂ ನಂಬದಿರುವುದು. ಅಲ್ಲಿ ಪ್ರಾಣ ಕಾಯ್ದ ಈ ಗುಣಗಳೇ ಮನೆಯಲ್ಲಿ ದುಃಸ್ವಪ್ನ, ಶಂಕೆ, ಮೌನಗಳಾಗಿ ಬಾಳನ್ನು ಕದಡುತ್ತವೆ. ಜೊತೆಗಾರರು ಸತ್ತು ತಾನುಳಿದೆನೆಂಬ ಅಳಲೂ, ಶರಣಾದೆನೆಂಬ ನಾಚಿಕೆಯೂ ಇವಕ್ಕೆ ಸೇರುತ್ತವೆ. ಲಿವರ್‌ಪೂಲಿನ ಉಷ್ಣವಲಯ ವೈದ್ಯ ವಿದ್ಯಾಲಯದವರು ಈ ಮಾಜಿ ಸೆರೆಯಾಳುಗಳಲ್ಲಿ ಕೆಲವರ ಕರುಳಿನಲ್ಲಿ, ಆ ಕಾಡಿನಲ್ಲಿ ಹೊಕ್ಕ ಸೂಕ್ಷ್ಮ ಹುಳುಗಳನ್ನು ದಶಕಗಳ ತರುವಾಯವೂ ಕಂಡರು. ಮನಸ್ಸಿನ ಗಾಯಕ್ಕೂ ಅಂತಹ ದೀರ್ಘಾಯುಸ್ಸುಂಟು. ಉದ್ಯೋಗದಿಂದ ನಿವೃತ್ತರಾದಮೇಲೆ ಹಳೆಯ ಕನಸುಗಳು ಮರಳಿ ಕಾಡಿದವರೂ ಇದ್ದಾರೆ.

ಇದಕ್ಕೆ ಪರಿಹಾರವೇನು? 1945ರಲ್ಲಿ ಬ್ರಿಟಿಷ್ ಸೈನ್ಯವು ಮರಳಿದ ಸೆರೆಯಾಳುಗಳಿಗಾಗಿ ಪುನರ್ವಸತಿ ಕೇಂದ್ರಗಳನ್ನು ತೆರೆಯಿತು. ಇಷ್ಟವಿದ್ದವರು ಅಲ್ಲಿ ಕೆಲಕಾಲ ತಂಗಿ, ತಮ್ಮಂತಹವರೊಡನೆ ಮಾತನಾಡಿ, ಕಸಬುಗಳನ್ನು ಪರಿಚಯಿಸಿಕೊಂಡು ನಾಗರಿಕ ಜೀವನಕ್ಕೆ ಅಣಿಯಾಗುತ್ತಿದ್ದರು. ಆದರೆ ಅಮೆರಿಕದ ಮನೋವೈದ್ಯರ ಸಂಘವು ಆಘಾತದ ಬಳಿಕ ಉಳಿಯುವ ಈ ಬಗೆಯ ವ್ಯಾಧಿಯನ್ನು ಹೆಸರಿಟ್ಟು ತನ್ನ ರೋಗಸೂಚಿಯಲ್ಲಿ ಸೇರಿಸಿದುದು 1980ರಲ್ಲಿ. ಅಷ್ಟರಲ್ಲಿ ಎಷ್ಟೋ ಮಂದಿ ತಮ್ಮ ವೇದನೆಗೆ ಹೆಸರೇ ಇಲ್ಲದೆ ತೀರಿಕೊಂಡಿದ್ದರು.

ಆದುದರಿಂದ ಇಂತಹವನ ಮೌನವನ್ನು ಗರ್ವವೆಂದೂ, ನಡುಕವನ್ನು ಹೇಡಿತನವೆಂದೂ ಎಣಿಸಲಾಗದು. ‘ಆದುದಾಯಿತು, ಮರೆತುಬಿಡು’ ಎಂಬ ಉಪದೇಶದಿಂದಲೂ ಉಪಕಾರವಿಲ್ಲ. ಅವನು ಹೇಳತೊಡಗಿದ ದಿನ ಕೇಳುವ ಸಹನೆ, ಹೇಳದ ದಿನ ಕೆದಕದ ಸಂಯಮ, ಅಗತ್ಯವಾದಾಗ ವೈದ್ಯರ ನೆರವು, ಇವಿಷ್ಟನ್ನು ಮನೆಯವರೂ ಸಮಾಜವೂ ಒದಗಿಸಿದರೆ ಅವನ ಎರಡನೆಯ ಬಿಡುಗಡೆಗೆ ದಾರಿಯಾದೀತು.