ಆಳು, ದಿನ ಮತ್ತು ಕೆಲಸದ ರಾಶಿ

ಆಳು ಹೆಚ್ಚಿದರೆ ದಿನ ಇಳಿಯುತ್ತದೆ, ಆಳು ಕಡಿಮೆಯಾದರೆ ದಿನ ಏರುತ್ತದೆ. ಕೊಯ್ಲಿಗೆ ಜನ ಹೊಂದಿಸುವ ಪ್ರತಿ ರೈತನಿಗೂ ಇದು ಗೊತ್ತು. ಶಾಲೆಯ ಪುಸ್ತಕ ಇದನ್ನು ವಿಲೋಮ ಅನುಪಾತ ಎನ್ನುತ್ತದೆ. ಹಿಂದಿನ ಗಣಿತಜ್ಞರು ಇಟ್ಟ ಹೆಸರು ವ್ಯಸ್ತ ತ್ರೈರಾಶಿಕ. ತಿಳಿದ ಮೂರು ಸಂಖ್ಯೆಗಳಿಂದ ತಿಳಿಯದ ನಾಲ್ಕನೆಯದನ್ನು ಪಡೆಯುವುದು ತ್ರೈರಾಶಿಕ. ವ್ಯಸ್ತ ಎಂದರೆ ತಿರುಗುಮುರುಗು.

1150ರಲ್ಲಿ ಭಾಸ್ಕರಾಚಾರ್ಯ ರಚಿಸಿದ 'ಲೀಲಾವತಿ'ಯಲ್ಲಿ ಇದಕ್ಕೊಂದು ಸೊಗಸಾದ ಉದಾಹರಣೆಯಿದೆ. ಧಾನ್ಯದ ರಾಶಿಯೊಂದನ್ನು 7 ಆಢಕ ಹಿಡಿಯುವ ಪಾತ್ರೆಯಿಂದ ಅಳೆದಾಗ 100 ಅಳತೆ ಬಂತು. 5 ಆಢಕದ ಪಾತ್ರೆಯಾದರೆ ಎಷ್ಟು ಬರುತ್ತದೆ? (ಆಢಕವೆಂದರೆ ನಮ್ಮ ಸೇರು, ಬಳ್ಳಗಳ ಹಾಗೆ ಹಿಂದಿನವರ ಒಂದು ಅಳತೆ.) ಪಾತ್ರೆ ಚಿಕ್ಕದಾಯಿತು, ಕಣದಲ್ಲಿರುವ ರಾಶಿ ಮಾತ್ರ ಅಷ್ಟೇ ಇದೆ: 7ನ್ನು 100ರಿಂದ ಗುಣಿಸಿದರೆ 700 ಆಢಕ. ಅದನ್ನು 5ರಿಂದ ಭಾಗಿಸಿದರೆ 140 ಅಳತೆ.

ಈ ಲೆಕ್ಕದ ಕುಶಲತೆಯೆಲ್ಲ ಬದಲಾಗದ ಆ ರಾಶಿಯನ್ನು ಗುರುತಿಸುವುದರಲ್ಲಿದೆ. ಧಾನ್ಯದ ರಾಶಿ ಕಣ್ಣಿಗೆ ಕಾಣುತ್ತದೆ. ಕೆಲಸದ ರಾಶಿ ಕಾಣುವುದಿಲ್ಲ, ಅದನ್ನು ಮನಸ್ಸಿನಲ್ಲೇ ಒಟ್ಟಬೇಕು. ಅದಕ್ಕಿರುವ ಅಳತೆ 'ಆಳು-ದಿನ', ಅಂದರೆ ಒಬ್ಬ ಆಳು ಒಂದು ದಿನದಲ್ಲಿ ಮಾಡುವಷ್ಟು ಕೆಲಸ. ಎಲ್ಲರ ಕೈಯೂ ಒಂದೇ ವೇಗದ್ದು ಎಂದು ಒಪ್ಪಿಕೊಂಡೇ ಮುಂದುವರಿಯಬೇಕು.

ಗದ್ದೆಯೊಂದರ ಕೊಯ್ಲಿಗೆ 12 ಆಳುಗಳಿಗೆ 10 ದಿನ ಬೇಕು ಎನ್ನಿ. ನಾಲ್ಕು ದಿನ ಕಳೆದ ಮೇಲೆ ನಾಲ್ವರು ಬರುವುದನ್ನು ನಿಲ್ಲಿಸಿದರು. ಉಳಿದ ಕೊಯ್ಲಿಗೆ ಎಷ್ಟು ದಿನ? ಇಲ್ಲಿ ಅವಸರ ಮಾಡಿದವರು ಎಡವುತ್ತಾರೆ. ಪಳಗಿದವರು ಮೊದಲು ರಾಶಿ ಹಾಕುತ್ತಾರೆ: 12 ಆಳು, 10 ದಿನ, ಒಟ್ಟು 120 ಆಳು-ದಿನ. ಮುಗಿದದ್ದು 12ರ ನಾಲ್ಕರಷ್ಟು, ಅಂದರೆ 48. ಉಳಿದದ್ದು 72. ಈಗ ಗದ್ದೆಯಲ್ಲಿರುವವರು 8 ಜನ, ಆದ್ದರಿಂದ ಇನ್ನೂ 9 ದಿನ. ಹತ್ತು ದಿನಕ್ಕೆ ಮುಗಿಯಬೇಕಿದ್ದದ್ದು ಹದಿಮೂರಕ್ಕೆ ಮುಗಿಯುತ್ತದೆ. ಸರಿನೋಡುವುದೂ ಸುಲಭ: 48 ಮತ್ತು 72 ಕೂಡಿದರೆ ಮತ್ತೆ 120.

ಕೈಗಳ ವೇಗ ಬೇರೆ ಬೇರೆಯಾದರೆ? ಒಬ್ಬರೇ ಮಾಡಿದರೆ ಅಕ್ಕನಿಗೆ 6 ದಿನ, ತಂಗಿಗೆ 12 ದಿನ ಹಿಡಿಯುವ ಕೆಲಸವಿದೆ. ಇಬ್ಬರೂ ಸೇರಿದರೆ 9 ದಿನ ಎಂದು ಸರಾಸರಿ ಹೇಳುವ ಮಕ್ಕಳಿದ್ದಾರೆ. ಅಕ್ಕ ಒಬ್ಬಳೇ ಆರು ದಿನಕ್ಕೆ ಮುಗಿಸುವಾಗ ಜೊತೆಗೊಬ್ಬಳು ಬಂದರೆ ತಡವಾಗುವುದುಂಟೇ? ದಿನಗಳನ್ನು ಕೂಡಬಾರದು, ಒಂದು ದಿನದ ದುಡಿಮೆಯನ್ನು ಕೂಡಬೇಕು. ಕೆಲಸವನ್ನು 12 ಪಾಲು ಮಾಡಿದರೆ ಅಕ್ಕ ದಿನಕ್ಕೆ 2 ಪಾಲು ಮುಗಿಸುತ್ತಾಳೆ, ತಂಗಿ 1. ಇಬ್ಬರೂ ಸೇರಿ 3 ಪಾಲು, ಅಂದರೆ 4 ದಿನ. ಭಿನ್ನರಾಶಿಯ ಗೋಜಿಲ್ಲದೆ ಉತ್ತರ ಕೈಗೆ ಬರುತ್ತದೆ.

ಇದೇ ಬಗೆಯ ಇನ್ನೊಂದು ಲೆಕ್ಕವೂ 'ಲೀಲಾವತಿ'ಯಲ್ಲಿದೆ. ಒಂದು ಕೊಳವನ್ನು ನಾಲ್ಕು ಝರಿಗಳು ಬೇರೆ ಬೇರೆಯಾಗಿ ಒಂದು ದಿನ, ಅರ್ಧ ದಿನ, ದಿನದ ಮೂರನೆಯ ಒಂದು, ಆರನೆಯ ಒಂದು ಭಾಗದಲ್ಲಿ ತುಂಬುತ್ತವೆ. ದಿನವಿಡೀ ಹರಿದರೆ ಅವು ಕ್ರಮವಾಗಿ 1, 2, 3, 6 ಕೊಳಗಳನ್ನು ತುಂಬಬಲ್ಲವು, ಒಟ್ಟು 12. ಹಾಗಾಗಿ ನಾಲ್ಕನ್ನೂ ಒಟ್ಟಿಗೆ ಬಿಟ್ಟರೆ ಒಂದು ಕೊಳ ತುಂಬಲು ದಿನದ ಹನ್ನೆರಡನೆಯ ಒಂದು ಭಾಗ ಸಾಕು. ದಿನಕ್ಕೆ 60 ಗಳಿಗೆ ಎಣಿಸುತ್ತಿದ್ದ ಅಂದಿನವರಿಗೆ ಅದು 5 ಗಳಿಗೆ, ನಮಗೆ 2 ಗಂಟೆ.