ಅಂಬಿಕಾತನಯದತ್ತರೂ ಬೇಂದ್ರೆಯವರೂ

ಕವಿಗಳು ಎರಡನೆಯ ಹೆಸರೊಂದನ್ನು ಧರಿಸುವುದು ನಮ್ಮ ನಾಡಿಗೆ ಹೊಸತಲ್ಲ. ಮಾಸ್ತಿ ವೆಂಕಟೇಶ ಅಯ್ಯಂಗಾರ್ಯರು 'ಶ್ರೀನಿವಾಸ'ರಾದರು. ಪುಟ್ಟಪ್ಪನವರು ಮೊದಲು 'ಕಿಶೋರಚಂದ್ರವಾಣಿ'ಯೆನಿಸಿ ಬಳಿಕ 'ಕುವೆಂಪು' ಆದರು. ಇದನ್ನು ಬರಿಯ ಅಲಂಕಾರವೆಂದೋ, ನೌಕರಿಯವರ ಸಂಕೋಚವೆಂದೋ ಎಣಿಸುವವರುಂಟು. ಧಾರವಾಡದ ದತ್ತಾತ್ರೇಯ ರಾಮಚಂದ್ರ ಬೇಂದ್ರೆಯವರ ನಿದರ್ಶನವನ್ನು ನೋಡಿದವರು ಹಾಗೆ ಎಣಿಸಲಾರರೆಂದು ನಾವು ನಂಬುತ್ತೇವೆ.

1896ರಲ್ಲಿ ಜನಿಸಿದ ಬೇಂದ್ರೆಯವರ ಮನೆಮಾತು ಮರಾಠಿ. ಬಾಲ್ಯದಲ್ಲಿಯೇ ತಂದೆಯನ್ನು ಕಳೆದುಕೊಂಡ ಅವರು ತಮ್ಮ ಕಾವ್ಯನಾಮದಲ್ಲಿ ನೆನೆದದ್ದು ತಾಯಿಯನ್ನು: ಅಂಬಿಕೆಯ ಮಗ ದತ್ತ. ಆದರೆ ಆ ಹೆಸರು ಮಾತೃಸ್ಮರಣೆಗಷ್ಟೇ ನಿಲ್ಲಲಿಲ್ಲ. ಅಂಬಿಕಾತನಯದತ್ತನೆಂಬವನು ತಮ್ಮೊಳಗೆ ನುಡಿಯುವ ಅಂತರ್ವಾಣಿ. ಆ ನುಡಿಯನ್ನು ಕನ್ನಡಕ್ಕೆ ಇಳಿಸುವವನು ಮಾತ್ರ ಬೇಂದ್ರೆ ಎಂದು ಅವರು ಹೇಳುತ್ತಿದ್ದರು. ಶಾಲೆಯಲ್ಲಿ ಪಾಠ ಹೇಳುವ ಮಾಸ್ತರರು ಆಡಲಾರದ ಮಾತನ್ನು ಜಾನಪದದ ಲಯದಲ್ಲಿ ಹೆಣ್ಣಾಗಿ, ಜೋಗಿಯಾಗಿ, ಭಿಕ್ಷುಕನಾಗಿ ಹಾಡುವ ಸ್ವಾತಂತ್ರ್ಯವು ಆ ಇನ್ನೊಬ್ಬನಿಗಿತ್ತು.

ಇಂತಹ ದ್ವಿತೀಯ ವ್ಯಕ್ತಿತ್ವವು ಪರದೇಶಗಳಲ್ಲಿಯೂ ಕಂಡುಬಂದಿದೆ. ಪೋರ್ತುಗಾಲದ ಫೆರ್ನಾಂದು ಪೆಸ್ಸೋವಾ (1888–1935) ಹೆಚ್ಚು ಓದಿಲ್ಲದ ಹಳ್ಳಿವಾಸಿ ಕಾಯೆಯಿರು, ವೈದ್ಯನಾದ ರೆಯಿಷ್, ಹಡಗಿನ ಇಂಜಿನಿಯರನಾದ ಕಾಂಪುಷ್ ಎಂಬ ಮೂವರನ್ನು ಕಲ್ಪಿಸಿ, ಒಬ್ಬೊಬ್ಬನಿಗೂ ಬೇರೆ ಬೇರೆ ಬಾಳನ್ನೂ ಮತವನ್ನೂ ಶೈಲಿಯನ್ನೂ ಕೊಟ್ಟನು. ಅವನು ತನ್ನಿಂದ ಹಲವರನ್ನು ಹೊರಗೆ ಕಳುಹಿಸಿದನು. ನಮ್ಮ ಕವಿಯು ಒಳಗಿನ ಒಬ್ಬನಿಗೆ ಕಿವಿಗೊಟ್ಟನು.

ಆದರೆ ಒಳಗಿನವನ ಮಾತಿಗೆ ಬೆಲೆ ತೆರಬೇಕಾದವನು ಹೊರಗಿನವನೇ. 'ಗರಿ' ಸಂಕಲನವು ಪ್ರಕಟವಾದ 1932ನೆಯ ಇಸವಿಯಲ್ಲಿಯೇ, 'ನರಬಲಿ' ಎಂಬ ಕವಿತೆಯ ನಿಮಿತ್ತದಿಂದ ಆಂಗ್ಲ ಸರಕಾರವು ಅವರನ್ನು ಹಿಂಡಲಗಿಯ ಸೆರೆಮನೆಗೆ ಕಳುಹಿಸಿತು. ತರುವಾಯ ಮುಗದದಲ್ಲಿ ನಿರ್ಬಂಧದಲ್ಲಿರಿಸಿತು. ಹಾಡಿದವರು ಅಂಬಿಕಾತನಯದತ್ತರು, ಸೆರೆಗೆ ಹೋದವರು ಬೇಂದ್ರೆಯವರು! ಉದ್ಯೋಗವೂ ಕೈಬಿಟ್ಟು, 1944ರಲ್ಲಿ ಸೊಲ್ಲಾಪುರದ ಕಾಲೇಜನ್ನು ಸೇರುವವರೆಗೆ ಸಂಸಾರವು ಬಹಳ ಕಷ್ಟವನ್ನುಂಡಿತು. ಆದರೂ ಅವರು ಆ ಹೆಸರನ್ನು ಬಿಡಲಿಲ್ಲ. ಹಾಡಿದವನು ತಾನಲ್ಲವೆಂದು ನುಣುಚಿಕೊಳ್ಳಲೂ ಇಲ್ಲ.

1964ರ 'ನಾಕು ತಂತಿ'ಯಲ್ಲಿ ಅವರು ಒಬ್ಬನೊಳಗಿನ 'ನಾನು'ಗಳನ್ನೇ ವೀಣೆಯ ತಂತಿಗಳಂತೆ ಮಿಡಿದರು. ಅದಕ್ಕೆ 1973ನೆಯ ಸಾಲಿನ ಜ್ಞಾನಪೀಠ ಪುರಸ್ಕಾರವು ಬಂದಿತು. ಕಾವ್ಯನಾಮವು ಅಡಗಿಕೊಳ್ಳುವ ಪರದೆಯಾದರೆ ಅದರಿಂದ ಪ್ರಯೋಜನವಲ್ಪ. ಮನುಷ್ಯನನ್ನು ಅವನ ನಿತ್ಯದ ಅಳತೆಗಿಂತ ಎತ್ತರಿಸಿದರೆ ಅದು ಸಾರ್ಥಕ. ಕಚೇರಿಯ ಹಾಜರಿ ಪುಸ್ತಕದ ಹೆಸರೊಂದೇ ತಮ್ಮ ಹೆಸರೆಂದು ನಂಬಿರುವ ನಮ್ಮ ಸುಶಿಕ್ಷಿತ ಮಹನೀಯರು ಈ ವಿಷಯವನ್ನು ಕೊಂಚ ಆಲೋಚಿಸುವುದು ಒಳ್ಳೆಯದು. ಒಳಗಿನವನಿಗೆ ಹೆಸರಿಡುವುದು ಸುಲಭ. ಅವನ ಮಾತಿಗೆ ಜವಾಬುದಾರರಾಗಿ ನಿಲ್ಲುವುದರಲ್ಲಿಯೇ ಕವಿಯ ಪುರುಷಾರ್ಥವಿದೆ.